ಬೇರೆಯವರ ದನಿ

ಮಕ್ಕಳು ಬಿಸಿಯೂಟಕ್ಕೆ ಸಾಲಾಗಿ ಕೂತಿದ್ದರು. ಸುಂದರಮ್ಮ ಟೀಚರು ಎರಡನೇ ಸಲ ಅನ್ನ ಬೇಕೆಂದು ಕೈಯೆತ್ತಿದವರ ಕಡೆ ಬಕೆಟ್ಟು ತಿರುಗಿಸುವಷ್ಟರಲ್ಲಿ ಸೊಂಟಕ್ಕೆ ಸಿಕ್ಕಿಸಿದ್ದ ಫೋನು ಗುಂಯ್ ಎಂದಿತು. ಸೇಡಂ ಕಾಲೇಜಿನಲ್ಲಿ ಕನ್ನಡ ಪಾಠ ಮಾಡುವ ಮಗಳು ಲುಂಬಿನಿ ಒಂದು ವಿಡಿಯೊ ಕಳಿಸಿದ್ದಳು. ಕೆಳಗೆ ಒಂದು ಸಾಲು: 'ಅವ್ವ, ಇಕಿ ನೀನೇ ಹೌದಲ್ಲ?'

ಹಳೆಯ ಕ್ಯಾಸೆಟ್ಟಿನಿಂದ ಇಳಿಸಿದ್ದು. ಚಿತ್ರದ ಮೇಲೆ ಗೆರೆಗಳು ಓಡುತ್ತಿದ್ದವು. ಕಾಗಿಣಾ ನದಿಯ ದಂಡೆ, ಕಪ್ಪು ಬಂಡೆ, ಒಂದು ಹರಗೋಲು. ಬಂಡೆಯ ಮೇಲೆ ನಿಂತ ತೆಳ್ಳನೆಯ ಹೆಂಗಸು ಸೆರಗು ಸೊಂಟಕ್ಕೆ ಬಿಗಿದು, ನೀರಲ್ಲಿ ನಿಂತ ಗಂಡನನ್ನು ದಿಟ್ಟಿಸಿ ನೋಡುತ್ತಾಳೆ. ಇಪ್ಪತ್ತೇಳರ ಸುಂದರಮ್ಮ. ಮುಖ ಸಿಟ್ಟಿನಿಂದ ಉರಿಯುತ್ತಿದೆ. ಆ ಉರಿಯುವ ಮುಖ ಬಾಯಿ ತೆರೆದರೆ ಒಳಗಿಂದ ಬಂದದ್ದು ಬೇರೆ ಯಾರದೋ ನಯವಾದ ದನಿ.

"ನನ್ನನ್ನು ಕ್ಷಮಿಸಿ. ನಾನು ಹೋಗಲೇಬೇಕಾಗಿದೆ."

ಸುಂದರಮ್ಮ ಫೋನು ಮುಚ್ಚಿದಳು. ಮತ್ತೆ ತೆಗೆದಳು. ಅಡುಗೆಯಾಕೆ ಬಂದು, "ಅಕ್ಕೋರೆ, ಹುಡುಗ್ರು ಕಾಯಲಿಕತ್ತಾರ" ಎಂದು ಬಕೆಟ್ಟು ತೆಗೆದುಕೊಂಡು ಹೋದದ್ದೂ ಗೊತ್ತಾಗಲಿಲ್ಲ.

ಅದು ತೊಂಬತ್ತೇಳರ ಮಾತು. ಗುಂಡಗುರ್ತಿಯ ಬಸವಲಿಂಗ ಎಂಬ ಮನುಷ್ಯ ಬೆಂಗಳೂರಿನ ಒಂದು ಖಾಸಗಿ ಚಾನೆಲ್ಲಿನವರನ್ನು ಒಪ್ಪಿಸಿ 'ಊರ ಮಾತು' ಎಂಬ ಸರಣಿ ಶುರು ಮಾಡಿದ್ದ. ಪ್ರತಿ ವಾರ ಒಂದು ಊರು, ಒಂದು ಕತೆ. ನಟರು ಆ ಊರಿನ ಮಂದಿ, ಮಾತು ಆ ಊರಿನ ಮಾತು. ನಾಡಿನ ಎಲ್ಲ ಮೂಲೆಯ ಕನ್ನಡ ಒಂದು ವರ್ಷದಲ್ಲಿ ಟಿವಿಯಲ್ಲಿ ಕೇಳಬೇಕು ಎಂಬುದು ಅವನ ಹಟ. ಮೊದಲು ತನ್ನ ಸೀಮೆಯಿಂದಲೇ ಆರಂಭಿಸಿದ. ಚಿಂಚೋಳಿಯ ಕತೆ ಬಂತು, ಸೇಡಂನ ಕತೆ ಬಂತು. ಅಷ್ಟರಲ್ಲಿ ಚಾನೆಲ್ಲಿನವರು, ಈ ಮಾತು ಬೇರೆ ಕಡೆಯವರಿಗೆ ತಿಳಿಯುತ್ತಿಲ್ಲ, ಜಾಹೀರಾತು ಬರುತ್ತಿಲ್ಲ ಎಂದು ಗದ್ದಲ ಎಬ್ಬಿಸಿದರು. ಶಹಾಬಾದ್ ಕಡೆಯ ಹೊಳೆಯ ಕತೆ ಚಿತ್ರೀಕರಣ ಮುಗಿದು ಟೇಪು ಬೆಂಗಳೂರಿಗೆ ಹೋದ ಮೇಲೆ, ಬಸವಲಿಂಗನನ್ನು ಕೇಳದೆ, ಅಲ್ಲಿನ ಕಲಾವಿದರ ಬಾಯಿಂದ ಮಾತು ಹಾಕಿಸಿ ಪ್ರಸಾರ ಮಾಡಿಬಿಟ್ಟರು. ಬಸವಲಿಂಗ ಜಗಳ ತೆಗೆದ. ಮುಂದಿನ ತಿಂಗಳು ಸರಣಿಯೇ ನಿಂತಿತು. ಅವನು ಮತ್ತೆ ಕ್ಯಾಮೆರಾದ ಹಿಂದೆ ನಿಲ್ಲಲಿಲ್ಲ. ತೀರಿಕೊಂಡು ಹತ್ತು ವರ್ಷದ ಮೇಲಾಯಿತು.

ಹೊಳೆಯ ಕತೆಯಲ್ಲಿ ಸುಂದರಮ್ಮ ಹರಗೋಲು ನಡೆಸುವವನ ಹೆಂಡತಿ. ಸೇತುವೆ ಬರುತ್ತದೆ, ಹರಗೋಲಿಗೆ ಗಿರಾಕಿ ಇರುವುದಿಲ್ಲ, ತಾನು ಶಹಾಬಾದಿಗೆ ಕಲ್ಲಿನ ಕೆಲಸಕ್ಕೆ ಹೋಗುತ್ತೇನೆ ಎನ್ನುತ್ತಾಳೆ. ಗಂಡ ಬೇಡ ಎನ್ನುತ್ತಾನೆ. ಗಂಡನಾಗಿದ್ದವನು ತಮ್ಮಣ್ಣ, ಹೊಳೆ ದಂಡೆಯ ಊರಿನವನೇ. ಇಬ್ಬರೂ ಸಾಕ್ಷರತಾ ಜಾಥಾದಲ್ಲಿ ಬೀದಿನಾಟಕ ಆಡಿದವರು. ಅಲ್ಲಿಂದಲೇ ಬಸವಲಿಂಗ ಅವರನ್ನು ಆರಿಸಿದ್ದ.

ಪ್ರಸಾರವಾದ ದಿನ ವಾಡಿಯ ಅವಳ ಓಣಿಗೆ ಓಣಿಯೇ ಒಂದು ಮನೆಯ ಟಿವಿ ಮುಂದೆ ನೆರೆದಿತ್ತು. ಮುಗಿದ ಮೇಲೆ ಪಕ್ಕದ ಮನೆಯಾಕೆ ಗಲ್ಲ ಹಿಡಿದು, "ಎಷ್ಟ್ ಛಂದ ಮಾತಾಡೀದಿ ಸುಂದರಾ, ಥೇಟ್ ಬೆಂಗಳೂರ್ ಮಂದಿ ಹಂಗ" ಎಂದಿದ್ದಳು. ಸುಂದರಮ್ಮನಿಗೆ ಆಮೇಲೆ ನೌಕರಿ ಸಿಕ್ಕಿತು, ಮಗಳು ಹುಟ್ಟಿದಳು, ವರ್ಷಗಳು ಕಳೆದವು. ಆ ಹೊಗಳಿಕೆ ಮಾತ್ರ ಒಳಗೆ ಚುಚ್ಚುತ್ತಲೇ ಇತ್ತು.

ವಿಡಿಯೊ ಬಂದ ದಿನದ ಸಂಜೆ ಮನೆಯಲ್ಲಿ ಅವಳು ಒಂದು ಕಡೆ ನಿಲ್ಲಲಿಲ್ಲ. ಹಿಟ್ಟು ಕಲಸಿ ಅರ್ಧಕ್ಕೆ ಬಿಟ್ಟಳು, ಬಾಗಿಲಿಗೆ ಹೋಗಿ ಬಂದಳು, ಮಡಚಿಟ್ಟ ಬಟ್ಟೆಯನ್ನೇ ಮತ್ತೆ ಮಡಚಿದಳು. ರೈಲ್ವೆಯಿಂದ ನಿವೃತ್ತನಾದ ಗಂಡ ರಾಮಲಿಂಗ ಪೇಪರು ಕೆಳಗಿಳಿಸಿ ನೋಡಿದ.

"ಏನಾಗ್ಯಾದ ನಿನಗ? ಕುಂದ್ರು ಒಂದ್ ಕಡಿ."

"ಆ ಮಾತು ನಾ ಆಡಿದ್ದಲ್ಲರಿ. ನಾ ಕ್ಷಮಿಸಿ ಅಂತ ಅಂದೇ ಇಲ್ಲ."

"ಅಂದಿಲ್ಲಂದ್ರ ಏನಂದಿದ್ದಿ?"

ಸುಂದರಮ್ಮ ಬಾಯಿ ತೆರೆದು ಹಾಗೇ ನಿಂತಳು. ನೆನಪಾಗಲಿಲ್ಲ. ಸಿಟ್ಟು ನೆನಪಿತ್ತು, ಕಾಲ ಕೆಳಗೆ ಬಂಡೆ ಸುಡುತ್ತಿದ್ದದ್ದು ನೆನಪಿತ್ತು. ಮಾತು ಹೋಗಿತ್ತು. ಅದೇ ಅವಳಿಗೆ ಹೆಚ್ಚು ಕೆಟ್ಟದೆನ್ನಿಸಿತು.

ರವಿವಾರ ಅವಳು ಪ್ಯಾಸೆಂಜರ್ ಗಾಡಿ ಹತ್ತಿ ಶಹಾಬಾದಿಗೆ ಹೋದಳು. ಆಗ ಚಿತ್ರೀಕರಣದಲ್ಲಿ ಸೌಂಡ್ ಹಿಡಿದಿದ್ದ ಅಮೀರ್ ಅಲಿ ಈಗ ಅಲ್ಲಿ ಮದುವೆ ವಿಡಿಯೊ ಮಾಡುವ ಅಂಗಡಿ ಇಟ್ಟುಕೊಂಡಿದ್ದ. ಗಡ್ಡ ಪೂರಾ ಬೆಳ್ಳಗಾಗಿತ್ತು. ಗುರುತು ಹಿಡಿದ ಕೂಡಲೇ ಚಹಾಕ್ಕೆ ಹೇಳಿದ.

"ಮೊದಲಿನ ಸೌಂಡ್ ಎಲ್ಲದ ಭಾಯಿ? ನಾವು ಆಡಿದ್ದು?"

"ಎಲ್ಲಿಂದ ತರ್ಲಿ ಅಕ್ಕೋರೆ. ಟೇಪ್ ಎಲ್ಲ ಕಂಪನಿಯವರು ಒಯ್ದರು. ಅದರ ಮ್ಯಾಲೆ ಬ್ಯಾರೆ ಏನರ ತುಂಬಿಸಿರ್ತಾರ. ಹೋಯಿತು ಅದು."

ಸುಂದರಮ್ಮ ಎದ್ದಳು, ಅಂಗಡಿಯ ಬಾಗಿಲ ತನಕ ಹೋದಳು, ತಿರುಗಿ ಬಂದಳು.

"ಹಂಗಿದ್ರ ಈಗ ಆಡ್ತೀನಿ. ಹಿಡೀತೀರೇನು?"

ಅಮೀರ್ ಅಲಿ ಅವಳ ಮುಖ ನೋಡಿದ. "ಆ ಹುಡುಗಿಗೆ ಈಗಿನ ನಿಮ್ಮ ದನಿ ಹಾಕೋದಾ?"

"ಬ್ಯಾರೆಯವರದು ಕೂಡ್ತಿತ್ತಂದ್ರ ನಂದು ಕೂಡಲ್ಲೇನು?"

ಅವನು ನಕ್ಕು ಕಂಪ್ಯೂಟರ್ ಹಚ್ಚಿದ.

ಕೆಲಸ ಅಂದುಕೊಂಡಷ್ಟು ಸುಲಭವಿರಲಿಲ್ಲ. ಸ್ಕ್ರಿಪ್ಟು ಯಾರ ಹತ್ತಿರವೂ ಇರಲಿಲ್ಲ. ತನ್ನದೇ ತುಟಿ ನೋಡಿ ತಾನು ಏನು ಅಂದಿರಬೇಕೆಂದು ಅವಳು ಕಂಡುಹಿಡಿಯಬೇಕಿತ್ತು. ಅಮೀರ್ ಅಲಿ ಚಿತ್ರ ನಿಧಾನ ಮಾಡುತ್ತಿದ್ದ. "ಇಲ್ಲಿ ತುಟಿ ಕೂಡ್ಯಾವ ನೋಡ್ರಿ. ಪ, ಬ, ಮ ಯಾವುದರ ಒಂದಿರಬೇಕು." ಅವಳು ಕಿವಿಗೆ ಹೆಡ್‌ಫೋನು ಹಾಕಿಕೊಂಡು ಒಂದೊಂದೇ ಮಾತು ಹಾಕಿ ನೋಡುತ್ತಿದ್ದಳು. ಶಾಲೆ ಬಿಟ್ಟ ಮೇಲೆ ಗಾಡಿ ಸಿಕ್ಕ ದಿನವೆಲ್ಲ ಶಹಾಬಾದಿಗೆ ಹೋಗತೊಡಗಿದಳು. ದಾರಿಯಲ್ಲೂ ತುಟಿ ಅಲುಗುತ್ತಿತ್ತು. ಎದುರಿಗೆ ಕೂತವರು ಜಪ ಮಾಡುತ್ತಿದ್ದಾಳೆಂದು ತಿಳಿದು ಸರಿದು ಕೂರುತ್ತಿದ್ದರು.

ಒಂದು ದಿನ ಬಂಡೆಯ ದೃಶ್ಯದಲ್ಲಿ ಕಳೆದುಹೋದ ಮಾತು ತಾನಾಗಿಯೇ ಬಾಯಿಗೆ ಬಂತು. "ನಾ ಹೊಂಟೀನಿ. ಬರ್ತಿದ್ರ ಬಾ. ಇಲ್ಲಂದ್ರ ಹೊಳಿ ನೋಡ್ಕೋತ ಕುಂದ್ರು." ತುಟಿಗೆ ಸರಿಯಾಗಿ ಕೂತಿತು. ಅಮೀರ್ ಅಲಿ ಅದನ್ನೇ ಮತ್ತೊಮ್ಮೆ ಕೇಳಿಸಿದ.

ಆದರೆ ದೃಶ್ಯದಲ್ಲಿ ಆ ಮಾತಿಗೂ ಮುಂಚೆ ಪರದೆಯ ಹುಡುಗಿ ಏನೋ ಒಂದು ಕೂಗುತ್ತಿದ್ದಳು. ಚಿಕ್ಕ ಮಾತು, ನಡುವೆ ತುಟಿ ಒಮ್ಮೆ ಕೂಡುತ್ತಿತ್ತು. 'ಕೇಳ್ರಿ' ಅಂದರೆ ಕೂಡುವುದಿಲ್ಲ. 'ಏನಪ್ಪ' ಅಂದರೆ ಕೂಡುತ್ತದೆ, ಆದರೆ ಮುಖದ ಸಿಟ್ಟಿಗೆ ಆ ಮಾತು ಹೊಂದಲಿಲ್ಲ. ಅದನ್ನು ಹಾಗೇ ಬಿಟ್ಟರು.

ಇನ್ನೂ ಒಂದು ತೊಂದರೆ ಇತ್ತು. ಬೆಂಗಳೂರಿನ ದನಿ ಅಳಿಸಿದರೆ ಅದರ ಜೊತೆ ನೀರಿನ ಸಪ್ಪಳವೂ ಹೋಗುತ್ತಿತ್ತು. "ಹೊಳಿ ಸಪ್ಪಳ ಹೊಸದಾಗಿ ಹಿಡೀಬೇಕು. ಮತ್ತ ತಮ್ಮಣ್ಣನ ಮಾತಿಗೂ ಯಾರರ ಬೇಕು" ಎಂದ ಅಮೀರ್ ಅಲಿ. ತಮ್ಮಣ್ಣ ತೀರಿಹೋಗಿದ್ದ. ಅವನ ಮಗ ಭೀಮು ಊರಲ್ಲೇ ಒಕ್ಕಲುತನ ಮಾಡಿಕೊಂಡಿದ್ದಾನೆ, ದನಿ ಅಪ್ಪನದೇ ಎಂದು ಕೇಳಿದ್ದರು.

ಇಬ್ಬರೂ ಅಮೀರ್ ಅಲಿಯ ಬೈಕಿನ ಮೇಲೆ ಆ ಊರಿಗೆ ಹೋದರು. ಸೇತುವೆಯ ಕೆಳಗೆ ಕಾಗಿಣಾ ಬಂಡೆಗಳ ನಡುವೆ ಸಣ್ಣಗೆ ಹರಿಯುತ್ತಿತ್ತು. ಅವನು ಪ್ಯಾಂಟು ಮಡಚಿ ನೀರಿಗಿಳಿದು ಮೈಕು ಹಿಡಿದು ನಿಂತ. ಮೇಲೆ ಲಾರಿ ಬಂದಾಗಲೆಲ್ಲ ನಿಲ್ಲಿಸಬೇಕಾಗುತ್ತಿತ್ತು. ಸುಂದರಮ್ಮ ಅವನನ್ನು ಅಲ್ಲಿಯೇ ಬಿಟ್ಟು ಊರೊಳಗೆ ನಡೆದಳು.

ತಮ್ಮಣ್ಣನ ಹೆಂಡತಿ ಭೀಮಬಾಯಿ ಅಂಗಳದಲ್ಲಿ ತೊಗರಿ ಹಸನು ಮಾಡುತ್ತಿದ್ದಳು. ಬಂದವಳು ಯಾರೆಂದು ತಿಳಿಯಲು ಅವಳಿಗೆ ಹೊತ್ತು ಹಿಡಿಯಲಿಲ್ಲ. ಮೊರ ಕೆಳಗಿಟ್ಟಳು.

"ಬಾ. ಕುಂದ್ರು" ಎಂದಳು. ದನಿಯಲ್ಲಿ ಸಂತೋಷವೂ ಇರಲಿಲ್ಲ, ಸಿಟ್ಟೂ ಇರಲಿಲ್ಲ.

ಸುಂದರಮ್ಮ ಬಂದ ಕಾರಣ ಹೇಳಿದಳು. ಫೋನಿನಲ್ಲಿ ತನ್ನ ಮಾತು ಹಾಕಿದ ತುಂಡನ್ನು ತೋರಿಸಿದಳು. ಭೀಮಬಾಯಿ ಕಣ್ಣು ಕಿರಿದು ಮಾಡಿ ನೋಡಿದಳು. ಪರದೆಯ ಮೇಲೆ ನೀರಲ್ಲಿ ನಿಂತ ಗಂಡ ಇಪ್ಪತ್ತೊಂಬತ್ತರ ಪ್ರಾಯದವನು.

"ಭೀಮು ಬಂದು ಅವರ ಮಾತು ಆಡಿದ್ರ ಪೂರಾ ಆಗ್ತದ ಅಕ್ಕ" ಎಂದಳು ಸುಂದರಮ್ಮ.

"ಬ್ಯಾಡ."

"ಯಾಕಕ್ಕ?"

ಭೀಮಬಾಯಿ ತೊಗರಿಯಲ್ಲಿ ಕೈಯಾಡಿಸಿದಳು. "ಅವತ್ತ ನಾ ಟಿವಿ ನೋಡೀನಿ. ಮಂದಿ ಎಲ್ಲ ನನ್ನ ಮಾರಿ ನೋಡಲಿಕತ್ತಿದ್ರು. ಗಂಡ ಇನ್ನೊಬ್ಬಾಕಿ ಕೂಡ ಸಂಸಾರ ಮಾಡೋದು ನೋಡಿ ಇಕಿಗಿ ಹ್ಯಾಂಗಾಗ್ತದ ಅಂತ. ದನಿ ಅವರದಿರಲಿಲ್ಲ. ಅದಕ್ಕ, ಈ ಮನಷ್ಯಾ ನಮ್ಮನಿಯವರಲ್ಲ, ಯಾರೋ ಬ್ಯಾರೆ ಅಂತ ಸಮಾಧಾನ ಮಾಡ್ಕೊಂಡೆ. ಈಗ ನೀ ಬಂದು ಅವರ ದನಿ ಹಾಕ್ತೀನಂತಿ."

ಸುಂದರಮ್ಮ ಫೋನನ್ನು ಮಡಿಲಿಗೆ ಇಳಿಸಿದಳು. ತನಗೆ ಮುಳ್ಳಾದದ್ದೇ ಇವಳಿಗೆ ಆಸರೆಯಾಗಿತ್ತು.

"ಅದು ನಾಟಕ ಅಕ್ಕ."

"ನಾಟಕ ಅಂಬೋದು ನನಗ ಗೊತ್ತಿಲ್ಲೇನು? ಶೂಟಿಂಗ್ ಆಗುವಾಗ ನಾನೂ ದಂಡಿ ಮ್ಯಾಲೆ ನಿಂತಿದ್ದೆ. ನೀ ಬಂಡೆಗಲ್ಲಿನ ಮ್ಯಾಲೆ ನಿಂತು ಅವರ ಹೆಸರು ಹಿಡದು ಕರದಿ. ತಮ್ಮಣ್ಣಾ ಅಂತ, ಇಡೀ ಊರಿಗಿ ಕೇಳೂವಂಗ." ಗಂಡನ ಹೆಸರು ಬಾಯಿಂದ ಬಂದದ್ದಕ್ಕೆ ಭೀಮಬಾಯಿ ತಾನೇ ಒಂದು ಗಳಿಗೆ ತಡೆದಳು. "ನಾ ಅವರು ಇದ್ದಾಗ ಒಂದ್ ದಿನ ಆ ಹೆಸರು ಹಿಡದಿಲ್ಲ. ಸತ್ತಾಗಲೂ ಹೆಸರು ಹಿಡದು ಅಳಲಿಲ್ಲ."

ಆ ಚಿಕ್ಕ ಮಾತು ಯಾವುದೆಂದು ಸುಂದರಮ್ಮನಿಗೆ ಹೀಗೆ ಗೊತ್ತಾಯಿತು. ಜಾಥಾದಲ್ಲಿ ಅಣ್ಣ, ಸಾಹೇಬ, ಗೌಡ ಎನ್ನುವಂತಿರಲಿಲ್ಲ. ಜಾತಿ, ದೊಡ್ಡಸ್ತಿಕೆ ಬರಬಾರದೆಂದು ಎಲ್ಲರೂ ಎಲ್ಲರನ್ನೂ ಹೆಸರು ಹಿಡಿದೇ ಕರೆಯುತ್ತಿದ್ದರು. ಆ ರೂಢಿಯೇ ಸಿಟ್ಟಿನಲ್ಲಿ, ಪಾತ್ರವನ್ನೂ ಮೀರಿ, ನುಗ್ಗಿ ಬಂದಿತ್ತು. ಅದನ್ನು ಹೇಳಿದಳು. ಭೀಮಬಾಯಿ ಕೇಳಿಸಿಕೊಂಡಳು.

"ಖರೇ ಇರಬಹುದು. ಆದ್ರ ನನ್ನ ಮಗ ಬರಂಗಿಲ್ಲ. ನಿನ್ನ ಮಾತು ನೀ ಹಾಕ್ಕೋ. ಅವರದು ಹ್ಯಾಂಗದ ಹಾಂಗ ಇರ್ಲಿ."

ವಾಪಸು ಬರುವಾಗ ಅಮೀರ್ ಅಲಿ, ಬೇರೆ ಯಾರನ್ನಾದರೂ ಕರೆಸೋಣವೇ ಎಂದು ಕೇಳಿದ. ಸುಂದರಮ್ಮ ತಲೆ ಅಲ್ಲಾಡಿಸಿದಳು. ತನಗೆ ಮಾಡಿದ್ದನ್ನೇ ತಮ್ಮಣ್ಣನಿಗೆ ಮತ್ತೊಮ್ಮೆ ಮಾಡುವುದು ಅವಳಿಗೆ ಬೇಕಿರಲಿಲ್ಲ. ಹೆಸರು ಕೂಗುವ ಜಾಗದಲ್ಲಿ ದನಿಯನ್ನೇ ಹಾಕದೆ ಬಿಟ್ಟಳು.

ಲುಂಬಿನಿ ಅದನ್ನು ತನ್ನ ಕಾಲೇಜಿನಲ್ಲಿ ತೋರಿಸುತ್ತೇನೆಂದಳು. ಆದರೆ ಅರ್ಧ ಆದದ್ದು ನೋಡಿ ಅನುಮಾನಿಸಿದಳು. "ಅವ್ವ, ಇನ್ನಾ ಸ್ವಲ್ಪ ದಿನ ತಡಿ. ಹಿಂಗ ತೋರಿಸಿದ್ರ ವಿಚಿತ್ರ ಕಾಣ್ತದ."

"ತಡದು ತಡದು ಮುಪ್ಪಾಗೀನಿ. ತೋರಿಸು."

ರಾಮಲಿಂಗ ನಡುವೆ ಬಾಯಿ ಹಾಕಿ, "ಆಯಿತವ್ವ, ತೋರಿಸಿಬಿಡು. ಇಲ್ಲಂದ್ರ ನಿಮ್ಮವ್ವ ನನಗೂ ಊಟ ಮಾಡಗೊಡಂಗಿಲ್ಲ, ತಾನೂ ಮಾಡಂಗಿಲ್ಲ" ಎಂದ.

ಆ ದಿನ ವಾಡಿಯಿಂದ ಸೇಡಂಗೆ ಹೋಗುವ ಗಾಡಿಯಲ್ಲಿ ಸುಂದರಮ್ಮ ಚಿತ್ತಾಪುರ ದಾಟುವವರೆಗೂ ಬಾಗಿಲ ಬಳಿಯೇ ನಿಂತಿದ್ದಳು. ಕಾಲೇಜಿನ ಹಾಲಿನಲ್ಲಿ ಹುಡುಗ ಹುಡುಗಿಯರು ತುಂಬಿದ್ದರು. ಅವರ ನಡುವೆ, ಗೋಡೆಯ ಕಡೆ, ಭೀಮಬಾಯಿ ಕೂತಿದ್ದಳು. ಪಕ್ಕದಲ್ಲಿ ಭೀಮು. ಲುಂಬಿನಿ ಫೋನು ಮಾಡಿ ಕರೆದಿದ್ದಳಂತೆ. ಬರುತ್ತಾರೆಂದು ಯಾರೂ ತಿಳಿದಿರಲಿಲ್ಲ.

ಚಿತ್ರ ಶುರುವಾಯಿತು. ಪರದೆಯ ಮೇಲೆ ಸುಂದರಮ್ಮ ಬಾಯಿ ತೆರೆದಾಗ ಹಾಲಿನಲ್ಲಿ ಗುಜುಗುಜು ಎದ್ದಿತು. ಮನೆಯಲ್ಲಿ ಅವ್ವ, ಆಯಿ ಆಡುವ ಮಾತು ಪರದೆಯ ಮೇಲಿಂದ ಬರುತ್ತಿತ್ತು. ವಯಸ್ಸಾದ ದನಿ ಆ ಎಳೆಯ ಮುಖಕ್ಕೆ ಹೊಸದರಲ್ಲಿ ಹೊಂದಲಿಲ್ಲ, ಸ್ವಲ್ಪ ಹೊತ್ತಿಗೆ ಅಭ್ಯಾಸವಾಯಿತು. ಹುಡುಗಿಯೊಬ್ಬಳು ಮುಂದಕ್ಕೆ ಬಾಗಿ ಕೂತಳು. ಸುಂದರಮ್ಮ ಬಾಗಿಲಲ್ಲಿ ನಿಂತು ಸೆರಗಿನ ತುದಿ ತಿರುಚುತ್ತಿದ್ದಳು.

ಅಷ್ಟರಲ್ಲಿ ಪರದೆಯ ಮೇಲಿನ ಗಂಡ ಹಳೆಯ ಬೆಂಗಳೂರಿನ ದನಿಯಲ್ಲೇ ಉತ್ತರ ಕೊಟ್ಟ. ಮೈತುಂಬ ಕೆಸರು, ತಲೆಗೆ ಹಳೆ ವಲ್ಲಿಬಟ್ಟೆ ಸುತ್ತಿದ ಹರಗೋಲಿನವನು ನೀರಲ್ಲಿ ನಿಂತು, "ನಿನ್ನ ನಿರ್ಧಾರ ನನಗೆ ತುಂಬಾ ನೋವು ತಂದಿದೆ" ಎಂದ.

ಇಡೀ ಸಭೆ ಘೊಳ್ಳೆಂದು ನಕ್ಕಿತು. ಅವನು ಮುಂದೆ ಏನು ಹೇಳಿದರೂ ನಗು. ತಡೆದುಕೊಂಡವರೂ ಪಕ್ಕದವರನ್ನು ನೋಡಿ ನಕ್ಕರು. ಲುಂಬಿನಿ ಎದ್ದು ನಿಂತು ಸುಮ್ಮನಿರಿ ಎಂದು ಕೈ ಮಾಡಿದಳು. ಸುಂದರಮ್ಮ ಭೀಮಬಾಯಿಯ ಕಡೆ ನೋಡಿದಳು. ಅವಳು ಅಲುಗದೆ ಪರದೆಯನ್ನೇ ನೋಡುತ್ತಿದ್ದಳು.

ಮುಗಿದ ಮೇಲೆ ಚಪ್ಪಾಳೆಯೂ ಬಂತು. ಸುಂದರಮ್ಮನಿಗೆ ಅದು ಕೇಳಿಸಲಿಲ್ಲ. ಮಂದಿಯನ್ನು ಸರಿಸಿಕೊಂಡು ಭೀಮಬಾಯಿಯ ಹತ್ತಿರ ಹೋದಳು.

"ತಪ್ಪಾಯಿತಕ್ಕ. ತೋರಿಸಬಾರದಿತ್ತು."

ಭೀಮಬಾಯಿ ಮಗನ ಕಡೆ ತಿರುಗಿದಳು.

"ನಕ್ಕರು ನೋಡಿದಿ?"

"ಹೂಂ ಅವ್ವ" ಎಂದ ಭೀಮು ತಲೆ ತಗ್ಗಿಸಿ.

"ನಿಮ್ಮಪ್ಪ ಜಲ್ಮದಾಗ ಯಾರ ಕಡಿಂದೂ ಹಿಂಗ ನಗಸ್ಕೊಂಡಿರಲಿಲ್ಲ. ಹೋಗು, ಅವರ ಮಾತು ನೀನೇ ಆಡು." ಆಮೇಲೆ ಸುಂದರಮ್ಮನಿಗೆ, "ಯಾವತ್ತು ಬರಬೇಕು ಹೇಳು" ಎಂದಳು.

ಮುಂದಿನ ರವಿವಾರ ಅಮೀರ್ ಅಲಿಯ ಅಂಗಡಿಯಲ್ಲಿ ನಾಲ್ವರೂ ಇಕ್ಕಟ್ಟಿನಲ್ಲಿ ಕೂತರು. ಫ್ಯಾನು ಸಪ್ಪಳ ಮಾಡುತ್ತದೆಂದು ನಿಲ್ಲಿಸಿದ್ದರಿಂದ ಎಲ್ಲರೂ ಬೆವರುತ್ತಿದ್ದರು. ಭೀಮುವಿನ ದನಿ ನಿಜವಾಗಿಯೂ ಅಪ್ಪನದೇ. ಆದರೆ ಮೈಕಿನ ಮುಂದೆ ಅವನು ಪಾಠ ಒಪ್ಪಿಸುವವನಂತೆ ಬಿಗಿದುಕೊಳ್ಳುತ್ತಿದ್ದ. ಭೀಮಬಾಯಿ ಹಿಂದಿನಿಂದ ತಿದ್ದತೊಡಗಿದಳು.

"ಹೌದು ಅನಬ್ಯಾಡ. ಅವರು ಹೌದು ಅಂತಿರಲಿಲ್ಲ. ಹಾಂ ಅಂತಿದ್ರು, ಮೂಗಿನಾಗ."

ಭೀಮು ಹಾಂ ಎಂದ.

"ಅಷ್ಟ್ ಲಗೂನ ಅಲ್ಲ. ಸಿಟ್ಟು ಬಂದ್ರ ಅವರ ಮಾತು ಸಾವಕಾಶ ಆಗ್ತಿತ್ತು. ಮಂದಿಗಿ ಸಿಟ್ಟು ಬಂದದ್ದೇ ತಿಳೀತಿರಲಿಲ್ಲ. ನನಗ ತಿಳೀತಿತ್ತು."

ಮೂರನೆಯ ಸಲಕ್ಕೆ ತಮ್ಮಣ್ಣ ಪರದೆಯ ಮೇಲೆ ಮಾತಾಡಿದ. ಅಮೀರ್ ಅಲಿ ಹೆಡ್‌ಫೋನು ತೆಗೆದು ಕಣ್ಣು ಒರೆಸಿಕೊಂಡ. ಜಾಥಾದಲ್ಲಿ ಎರಡು ಹಂಗಾಮು ಜೊತೆಗೆ ತಿರುಗಿದ ಮನುಷ್ಯನನ್ನು ತಾನು ಬಲ್ಲೆ ಎಂದುಕೊಂಡಿದ್ದಳು ಸುಂದರಮ್ಮ. ಅವನ ಸಿಟ್ಟು ಸಾವಕಾಶದ್ದೆಂದು ಅವಳಿಗೆ ಗೊತ್ತೇ ಇರಲಿಲ್ಲ. ಸಣ್ಣ ಹೊಟ್ಟೆಕಿಚ್ಚು ಬಂದು ಹೋಯಿತು.

ಬಂಡೆಯ ದೃಶ್ಯ ಬಂದಾಗ ಪರದೆಯ ಹುಡುಗಿ ದನಿಯಿಲ್ಲದೆ ಬಾಯಿ ಆಡಿಸಿದಳು.

"ಇಲ್ಲಿ ಯಾಕ ಖಾಲಿ ಬಿಟ್ಟಿದಿ?" ಎಂದಳು ಭೀಮಬಾಯಿ.

"ನಿಮಗ ಬ್ಯಾಡ ಅನಸ್ತದ ಅಂತ."

"ಬಾಯಿ ಆಡ್ತದ, ಮಾತಿಲ್ಲ. ಮಂದಿ ಮತ್ತ ನಗ್ತಾರ. ಹಾಕು."

ಸುಂದರಮ್ಮ ಮೈಕಿನ ಮುಂದೆ ಹೋದಳು. ಒಮ್ಮೆ ನೀರು ಕುಡಿದಳು. ಪರದೆ ಚಲಿಸಿತು. "ತಮ್ಮಣ್ಣಾ" ಎಂದು ಕೂಗಿದಳು. ಸಣ್ಣ ಕೋಣೆಯಲ್ಲಿ ಅದು ಗೋಡೆಗೆ ಬಡಿದು ನಿಂತಿತು. ಭೀಮಬಾಯಿ ಕಣ್ಣು ಮುಚ್ಚಿದ್ದಳು. ಆಮೇಲೆ ತೆರೆದು, "ಹಾಂ, ಸರಿ ಬಂತು" ಎಂದಳು.

ಕೆಲಸ ಮುಗಿದಾಗ ಬಿಸಿಲು ಇಳಿದಿತ್ತು. ಭೀಮು ಬೀಜ ತರಲು ಬಜಾರಕ್ಕೆ ಹೋದ. ಇಬ್ಬರೂ ಹೆಂಗಸರು ಬಸ್‌ಸ್ಟ್ಯಾಂಡಿನ ಕಲ್ಲಿನ ಕಟ್ಟೆಯ ಮೇಲೆ ಕೂತರು. ಸುಂದರಮ್ಮನಿಗೆ ಈಗಲಾದರೂ ಮನಸ್ಸು ನಿಲ್ಲಬೇಕಿತ್ತು. ನಿಂತಿರಲಿಲ್ಲ. ಎದ್ದು ಬಸ್ಸಿನ ಬೋರ್ಡು ನೋಡಿ ಬಂದಳು, ಚಹಾ ತಂದಳು, ಮತ್ತೆ ಎದ್ದಳು.

"ಕುಂದ್ರು ಸುಂದರಾ" ಎಂದಳು ಭೀಮಬಾಯಿ. ಮೊದಲ ಸಲ ಹೆಸರು ಹಿಡಿದು ಕರೆದಿದ್ದಳು. "ಒಂದು ಕೇಳ್ತೀನಿ. ಅವರು ಜಾಥಾದಾಗ ಹಾಡ್ತಿದ್ರಂತ. ಮಂದಿ ಹೇಳ್ತಿದ್ರು. ಮನಿಯಾಗ ಒಂದ್ ದಿನ ಬಾಯಿ ಬಿಟ್ಟು ಹಾಡಲಿಲ್ಲ. ನಾ ಕೇಳಿದ್ರ, ನಿನ್ನ ಮುಂದ ನಾಚಿಕಿ ಬರ್ತದ ಅಂತಿದ್ರು."

"ಹಾಡ್ತಿದ್ರು ಅಕ್ಕ. ಭಾಳ ಎತ್ತರದ ದನಿ. ಹಲಗಿ ಸಪ್ಪಳ ಮೀರಿ ಕೇಳ್ತಿತ್ತು."

"ಹ್ಯಾಂಗ ಹಾಡ್ತಿದ್ರು?"

"ನನಗ ರಾಗ ಬರಂಗಿಲ್ಲ."

"ಬರದಿದ್ರ ಬ್ಯಾಡ. ಬಂದಷ್ಟು ಹೇಳು."

ಸುಂದರಮ್ಮ ಅತ್ತಿತ್ತ ನೋಡಿದಳು. ಕಟ್ಟೆಯ ಇನ್ನೊಂದು ತುದಿಗೆ ಕಾಲೇಜಿನ ಹುಡುಗರು ಫೋನು ನೋಡುತ್ತ ಕೂತಿದ್ದರು. ಅವಳು ಚಹಾದ ಲೋಟ ಕೆಳಗಿಟ್ಟು, ಗಂಟಲಲ್ಲೇ, ಮಾತು ಮರೆತಲ್ಲಿ ಬರಿ ದನಿ ಎಳೆಯುತ್ತ ಹಾಡತೊಡಗಿದಳು. ಭೀಮಬಾಯಿ ಕಿವಿ ಹತ್ತಿರ ತಂದಳು. ಊರಿನ ಬಸ್ಸು ಬಂದು ಎದುರಿಗೇ ನಿಂತಿತು. ಕಂಡಕ್ಟರು ಎರಡು ಸಲ ಕರೆದ. ಭೀಮಬಾಯಿ ಹೋಗು ಎಂದು ಅವನಿಗೆ ಕೈ ಬೀಸಿದಳು.